ಎರಡನೇ ಕೈಯ ಹರಕೆ

ನನ್ನ ಗಂಡ ಅದೆಲೀನುವಿನ ಬಲ ಮೊಣಕಾಲಿಗೆ ದೇವರೆಂದರೆ ಆಗುವುದಿಲ್ಲ. ಇಗರ್ಜಿಯ ಮೆಟ್ಟಿಲು ಕಂಡ ಕೂಡಲೇ ಅದು ನೋಯಲು ತೊಡಗುತ್ತದೆ. ಪೂಜೆಯಲ್ಲಿ ಎಲ್ಲರೂ ಮೊಣಕಾಲೂರುವ ಹೊತ್ತಿಗೆ ಸರಿಯಾಗಿ ಹಲಗೆಯಂತೆ ಸೆಟೆದುಕೊಳ್ಳುತ್ತದೆ. ಗುರುವಾರ ಸಂಜೆ ಮಾತ್ರ, ನಮ್ಮ ಊರಿನ ಫುಟ್‌ಬಾಲ್ ತಂಡ ಯುರೋಪಿನ ಪಂದ್ಯದಲ್ಲಿ ಗೋಲು ಹೊಡೆದ ಕ್ಷಣದಲ್ಲಿ, ಅದೇ ಮೊಣಕಾಲು ನನ್ನ ಗಂಡನನ್ನು ಸೋಫಾದಿಂದ ಚಾವಣಿಯ ದೀಪದ ಎತ್ತರಕ್ಕೆ ಚಿಮ್ಮಿಸುತ್ತದೆ. (ದೀಪದ ಗಾಜಿನ ಕವಚ ಒಡೆದ ಮೇಲೆ ನಾವು ಹೊಸದನ್ನು ತರಲಿಲ್ಲ. ಬಟ್ಟೆಯದನ್ನು ನಾನೇ ಹೊಲಿದು ಹಾಕಿದೆ.)

ಪೋರ್ಚುಗಲ್‌ನ ಉತ್ತರದ ಊರುಗಳಿಂದ ಪ್ರತಿ ಮೇ ತಿಂಗಳು ಜನ ಫಾತಿಮಾ ಎಂಬ ಊರಿನ ಮೇರಿ ಮಾತೆಯ ಸನ್ನಿಧಿಗೆ ನಡೆದು ಹೋಗುತ್ತಾರೆ. ದಿನಗಟ್ಟಲೆಯ ದಾರಿ. ಮದುವೆಯಾದಂದಿನಿಂದ ನಾನೂ ಹೋಗುತ್ತಿದ್ದೇನೆ, ಗಂಡನಿಲ್ಲದೆ. ಉಳಿದ ಹೆಂಗಸರು ಗಂಡಂದಿರ ಹೆಗಲಿಗೆ ನೀರಿನ ಬಾಟಲಿ ಹೇರಿ, ಒಂದು ಊರಿನಿಂದ ಇನ್ನೊಂದು ಊರಿನವರೆಗೆ ಅವರ ಜೊತೆ ಜಗಳವಾಡಿಕೊಂಡು, ಎಷ್ಟು ಸುಖವಾಗಿ ನಡೆಯುತ್ತಾರೆ! ನನಗೆ ಜೊತೆಯೆಂದರೆ ಕೊಮಾದ್ರೆ ಜುಲ್ಮೀರಾ ಮಾತ್ರ. ನನ್ನ ಮಗಳ ಜ್ಞಾನಸ್ನಾನದ ದಿನ ಮಗುವನ್ನು ಎತ್ತಿಕೊಂಡವಳು ಅವಳು. ಅಂದಿನಿಂದ ನಾವಿಬ್ಬರೂ ಒಬ್ಬರಿಗೊಬ್ಬರು ಕೊಮಾದ್ರೆ. ಒಳ್ಳೆಯವಳು. ಆದರೆ ಕೊಮಾದ್ರೆ ಎಷ್ಟೆಂದರೂ ಗಂಡನಲ್ಲ. ಅವಳ ಮೇಲೆ ಸಿಡುಕಿದರೆ ಆಮೇಲೆ ಕ್ಷಮೆ ಕೇಳಬೇಕಾಗುತ್ತದೆ.

"ಒಂದು ಸಲ, ಒಂದೇ ಒಂದು ಸಲ ನನ್ನ ಜೊತೆ ನಡೀಬಾರದಾ?" ಎಂದು ಪ್ರತಿ ವರ್ಷವೂ ಕೇಳುತ್ತೇನೆ.

"ಮೊಣಕಾಲು, ಮಾರಾಯ್ತಿ," ಎಂದು ಪ್ರತಿ ವರ್ಷವೂ ಹೇಳುತ್ತಾನೆ.

ಈ ಸಲದ ಜನವರಿಯಲ್ಲಿ ಅದೆಲೀನು ಊಟದ ಮೇಜಿನ ಮುಂದೆ ತಲೆಗೆ ಕೈಹೊತ್ತು ಕುಳಿತಿದ್ದ. ನಾನು ಸಾರಿಗೆ ಸೊಪ್ಪನ್ನು ಹುಲ್ಲಿನೆಳೆಯ ಹಾಗೆ ಸಣ್ಣಗೆ ಹೆಚ್ಚುತ್ತಿದ್ದೆ. ಯಾರಾದರೂ ಬೇಸರದಲ್ಲಿದ್ದರೆ ಅವರ ಮಾತು ಕೇಳಬೇಕು, ಅದೂ ಒಂದು ಪುಣ್ಯವೇ ಎಂದು ನಂಬಿದವಳು ನಾನು. ಆ ನಂಬಿಕೆಯಿಂದಲೇ ಏನಾಯ್ತು ಎಂದು ಕೇಳಿದೆ. ಅವನು ಪಂದ್ಯಾವಳಿಯ ಮಹಾವ್ಯವಸ್ಥೆಯನ್ನು ಆದಿಯಿಂದ ಹೇಳತೊಡಗಿದ.

"ಮೂವತ್ತಾರು ತಂಡ. ಎಲ್ಲಾ ಒಂದೇ ಪಟ್ಟೀಲಿ. ಹಿಂದೆ ನಾಲ್ಕು ನಾಲ್ಕರ ಗುಂಪು ಇರ್ತಿತ್ತಲ್ಲ, ಅದೆಲ್ಲಾ ಹೋಯ್ತು."

"ಮೂವತ್ತಾರೂ ಒಬ್ಬರಿಗೊಬ್ಬರು ಆಡಿ ಮುಗಿಸೋ ಹೊತ್ತಿಗೆ ನಮಗೆ ಮೊಮ್ಮಕ್ಕಳಾಗ್ತಾವೆ."

"ಎಲ್ಲರ ಜೊತೆ ಆಡಲ್ಲ ಕಣೇ. ಒಂದೊಂದು ತಂಡಕ್ಕೆ ಎಂಟೇ ಆಟ, ಎಂಟು ಬೇರೆ ಬೇರೆ ತಂಡದ ಜೊತೆ. ನಾಲ್ಕು ನಮ್ಮೂರಲ್ಲಿ, ನಾಲ್ಕು ಅವರವರ ಊರಲ್ಲಿ."

"ಅಂದ್ರೆ ಉಳಿದವರ ಮುಖಾನೇ ನೋಡದೆ ಅವರಿಗಿಂತ ನಾವು ಮೇಲೆ ಅಂತ ಕೂರೋದಾ?"

"ಹೂಂ."

"ನಿನ್ನ ಅಕ್ಕನ ಹಾಗೆ."

ಅದೆಲೀನು ಅದನ್ನು ಕೇಳಿಸಿಕೊಳ್ಳಲಿಲ್ಲ. "ಎಂಟು ಆಟ ಮುಗಿದ ಮೇಲೆ ಪಟ್ಟೀಲಿ ಮೊದಲ ಎಂಟು ತಂಡ ನೇರ ಮುಂದಿನ ಸುತ್ತಿಗೆ. ಇಪ್ಪತ್ತೈದರಿಂದ ಕೆಳಗಿರೋರು ಮನೆಗೆ. ನಡುವಿನ ಹದಿನಾರು ತಂಡ ಇದಾವಲ್ಲ, ಒಂಬತ್ತರಿಂದ ಇಪ್ಪತ್ನಾಲ್ಕು, ಅವು ಅತ್ಲಾಗೂ ಇಲ್ಲ, ಇತ್ಲಾಗೂ ಇಲ್ಲ. ಅವು ಇನ್ನೊಂದು ಸುತ್ತು ಆಡಿ ಗೆದ್ರೆ ಆ ಎಂಟರ ಜೊತೆ ಸೇರ್ಕೋತಾವೆ. ಅರ್ಥ ಆಗಲ್ಲ ಬಿಡು ನಿಂಗೆ."

ನನ್ನ ಚಾಕು ತಾನಾಗಿ ನಿಂತಿತು.

"ಮೇಲಿನ ಎಂಟು ಸ್ವರ್ಗಕ್ಕೆ," ಎಂದೆ. "ಕೆಳಗಿನವು ನರಕಕ್ಕೆ. ನಡುವಿನವು ಶುದ್ಧೀಕರಣ ಲೋಕಕ್ಕೆ. ಪಾಪ ಪೂರ್ತಿ ತೊಳೆದುಹೋಗಿಲ್ಲ, ಇನ್ನೊಂಚೂರು ಬೇಯಬೇಕು. ಬೆಂದ ಮೇಲೆ ಸ್ವರ್ಗ. ಇದರಲ್ಲಿ ಅರ್ಥ ಆಗದೆ ಇರೋದು ಏನಿದೆ? ಧರ್ಮಬೋಧೆ ತರಗತೀಲಿ ಏಳು ವರ್ಷದ ಮಕ್ಕಳಿಗೆ ಹೇಳಿಕೊಡ್ತೀವಿ."

ಅದೆಲೀನು ನನ್ನ ಮುಖ ನೋಡಿದ. ನಮ್ಮ ಮದುವೆಯ ದಿನ ಕೂಡ ಅವನು ನನ್ನನ್ನು ಅಷ್ಟು ಅಕ್ಕರೆಯಿಂದ ನೋಡಿದ್ದಿಲ್ಲ.

ಅಲ್ಲಿಂದ ನನ್ನ ಅಧಃಪತನ ಆರಂಭವಾಯಿತು. ನಾನು ಶಾಲೆಯಲ್ಲಿ ಹೆಚ್ಚು ಓದಿದವಳಲ್ಲ. ನಾನು ಹೇಳಿದ್ದನ್ನು ನಾಲ್ಕು ಜನ ನಿಂತು ಕೇಳಿದ್ದು ಜನ್ಮದಲ್ಲಿ ಅದೇ ಮೊದಲು. ಶನಿವಾರ ಬಲಿಪೀಠಕ್ಕೆ ಹೂ ಜೋಡಿಸಲು ಸೇರುವ ಹೆಂಗಸರೆಲ್ಲ ನನ್ನನ್ನು ಸುತ್ತುವರಿದರು. ಅವರ ಗಂಡಂದಿರೂ ಇದನ್ನೇ ತಿಂಗಳುಗಟ್ಟಲೆ ವಿವರಿಸಿ ಸೋತಿದ್ದರಂತೆ. ನಾನು ಒಂದು ಲಿಲ್ಲಿ ಹೂವನ್ನು ಮೇಲೆ, ಒಂದನ್ನು ನಡುವೆ, ಬಾಡಿದ್ದೊಂದನ್ನು ಕೆಳಗೆ ಇಟ್ಟು ತೋರಿಸಿದೆ. ಎಲ್ಲರಿಗೂ ತಿಳಿಯಿತು. ಪಾದ್ರಿ ಅನ್ಸೆಲ್ಮು ಕೂಡ ಬಾಗಿಲಲ್ಲಿ ನಿಂತು ಕೇಳಿ, "ದೆವುಲಿಂದಾ, ನಾವೀಗ ಯಾವ ಲೋಕದಲ್ಲಿದ್ದೀವಿ?" ಎಂದು ಮೆಲ್ಲಗೆ ವಿಚಾರಿಸಿದರು. (ಪಂದ್ಯವಿದ್ದ ಗುರುವಾರಗಳಲ್ಲಿ ನಮ್ಮ ಪಾದ್ರಿಗಳ ಸಂಜೆ ಪ್ರಾರ್ಥನೆ ಎಷ್ಟು ಚುರುಕಾಗಿ ಮುಗಿಯುತ್ತದೆಯೆಂದರೆ, "ಆಮೆನ್" ಅನ್ನುವಷ್ಟರಲ್ಲಿ ಅವರ ಮನೆಯ ಬಾಗಿಲು ಹಾಕಿದ ಸದ್ದು ಕೇಳಿಸುತ್ತದೆ.)

"ಶುದ್ಧೀಕರಣ ಲೋಕದಲ್ಲಿ, ಸ್ವಾಮಿ. ಹದಿನಾಲ್ಕನೇ ಸ್ಥಾನ," ಎಂದೆ.

ಎಂಟನೆಯ ಆಟ ಮುಗಿದಾಗಲೂ ಅದೇ ಸ್ಥಾನ ಉಳಿಯಿತು. ಮೊದಲ ಹದಿನಾರು ಸ್ಥಾನಗಳೊಳಗೆ ಬಂದದ್ದರಿಂದ ಒಂದು ಅನುಕೂಲವಿತ್ತು. ಎದುರಾಳಿಯ ಜೊತೆ ಆಡಬೇಕಾದ ಎರಡು ಆಟಗಳಲ್ಲಿ ಮೊದಲನೆಯದು ಅವರ ಊರಲ್ಲಿ, ಎರಡನೆಯದು ನಮ್ಮಲ್ಲಿ. ಈ ಎರಡು ಆಟಗಳಿಗೆ ನಮ್ಮ ಕಡೆ "ಮೊದಲನೇ ಕೈ", "ಎರಡನೇ ಕೈ" ಎಂದು ಹೆಸರು. ಕಾಲಿನಲ್ಲಿ ಆಡುವ, ಕೈ ಮುಟ್ಟಿಸಿದರೆ ದಂಡ ಹಾಕುವ ಆಟಕ್ಕೆ ಈ ಹೆಸರು ಇಟ್ಟ ಪುಣ್ಯಾತ್ಮ ಯಾರೋ ತಿಳಿಯದು. ಎರಡೂ ಕೈಯ ಗೋಲುಗಳನ್ನು ಕೂಡಿಸಬೇಕು. ಮೊತ್ತ ಯಾರದು ಹೆಚ್ಚೋ ಅವರು ದಾಟುತ್ತಾರೆ. ಎರಡು ಕೈ ಜೋಡಿಸಿದರೆ ತಾನೇ ಪ್ರಾರ್ಥನೆ ಎಂದು ನಾನು ಅದನ್ನೂ ಹೂವಿನ ಹೆಂಗಸರಿಗೆ ವಿವರಿಸಿದೆ.

ಆ ದಿನಗಳಲ್ಲಿ ಅದೆಲೀನು ಎಷ್ಟು ಮೆತ್ತಗಾಗಿದ್ದನೆಂದರೆ, ತಟ್ಟೆಯನ್ನು ತಾನೇ ತೊಳೆದಿಡುತ್ತಿದ್ದ. ಕೇಳಲು ಇದೇ ಸಮಯವೆಂದು ನನಗೆ ಹೊಳೆಯಿತು.

"ನಾನು ದಿನಾ ಜಪಮಾಲೆ ಹೇಳ್ತೀನಿ, ನಮ್ಮ ತಂಡಕ್ಕೆ," ಎಂದೆ. "ಆದ್ರೆ ನೀನೂ ಏನಾದ್ರೂ ಹರಕೆ ಹೊತ್ತುಕೋಬೇಕು."

"ಏನು ಹರಕೆ?"

"ಫಾತಿಮಾಕ್ಕೆ ನನ್ನ ಜೊತೆ ನಡೀಬೇಕು. ಬಸ್ಸಲ್ಲ. ನಡಿಗೆ."

ಅವನು ಮೊಣಕಾಲನ್ನು ಸವರಿಕೊಂಡ. ಆಮೇಲೆ ಗೋಡೆಯ ಮೇಲಿನ ತಂಡದ ಚಿತ್ರ ನೋಡಿದ. ಮತ್ತೆ ಮೊಣಕಾಲು ಸವರಿಕೊಂಡ.

"ಎರಡೂ ಕೈ ಸೇರಿ ನಾವು ದಾಟಿದ್ರೆ, ನಡೀತೀನಿ," ಎಂದ.

ಎಂಥ ಎಚ್ಚರದ ಮಾತು ಅದು, ನೋಡಿ! ಎಷ್ಟೋ ವರ್ಷ ಪಂದ್ಯ ನೋಡಿದ ಮನುಷ್ಯನ ಬಾಯಿಂದ ಬಂದ ಮಾತು. ನನಗೆ ಆಗ ಅದು ತಿಳಿಯಲಿಲ್ಲ. "ನಡೀತೀನಿ" ಎಂಬ ಕೊನೆಯ ಪದವೊಂದೇ ನನ್ನ ಕಿವಿಗೆ ಬಿದ್ದು, ನಾನು ಅವತ್ತೇ ಅವನಿಗೆ ದಪ್ಪ ಕಾಲುಚೀಲ ಹೆಣೆಯಲು ಕುಳಿತೆ.

ಮೊದಲನೇ ಕೈ ನಮಗೆ ಕೈಕೊಟ್ಟಿತು. ಉತ್ತರದ ಯಾವುದೋ ಹಿಮದ ಊರಿನಲ್ಲಿ ನಮ್ಮವರು ಎರಡು–ಒಂದರಿಂದ ಸೋತರು. ಅದೆಲೀನು ಉಪ್ಪುಮೀನನ್ನು ತಟ್ಟೆಯಲ್ಲಿ ಅತ್ತ ಇತ್ತ ತಳ್ಳುತ್ತ ಕುಳಿತ. ನನಗೆ ಮಾತ್ರ ಒಳಗೊಳಗೇ ಸಂತೋಷ. ಏಕೆಂದರೆ ಪರವೂರಿನಲ್ಲಿ ಹೊಡೆದ ಗೋಲಿಗೆ ತೂಕ ಹೆಚ್ಚು. ಕೂಡಿಸಿದಾಗ ಸಮವಾದರೆ, ಪರವೂರಿನಲ್ಲಿ ಹೆಚ್ಚು ಹೊಡೆದವರೇ ದಾಟುತ್ತಾರೆ. ಇದನ್ನು ಅದೆಲೀನುವೇ ಹಿಂದೊಮ್ಮೆ, ಮಗಳು ತೊಟ್ಟಿಲಲ್ಲಿದ್ದ ಕಾಲದಲ್ಲಿ, ನನಗೆ ಹೇಳಿದ್ದ. ನಾನು ಕೇಳಿದ್ದನ್ನು ಮರೆಯುವವಳಲ್ಲ. ಅಂದರೆ ನಮ್ಮೂರಲ್ಲಿ ಒಂದು–ಸೊನ್ನೆ ಗೆದ್ದರೆ ಸಾಕು! ಗಂಡ ಕೊರಗುತ್ತಿರುವಾಗ ಇದನ್ನೇಕೆ ಹೇಳಲಿಲ್ಲವೆಂದು ಕೇಳುವಿರೇನೋ. ಈಸ್ಟರಿಗೆ ಮುಂಚಿನ ತಪಸ್ಸಿನ ಕಾಲ ಆಗಷ್ಟೇ ಆರಂಭವಾಗಿತ್ತು. ಅವನು ಸ್ವಲ್ಪ ಕೊರಗಿದರೆ ಒಳ್ಳೆಯದೇ ಎನಿಸಿತು.

ಶನಿವಾರ ಹೂ ಜೋಡಿಸುವಾಗ ಜುಲ್ಮೀರಾ ಮಾತೆಯ ಪ್ರತಿಮೆಯ ಮುಂದೆ ಕೈಮುಗಿದು, "ತಾಯೀ, ನಮ್ಮ ಹುಡುಗರು ಹೇಗಾದ್ರೂ ದಾಟಲಮ್ಮ," ಎಂದಳು.

"ಹೇಗಾದ್ರೂ ಅಂದ್ರೆ ಹೇಗೆ, ಕೊಮಾದ್ರೆ?" ಎಂದೆ ನಾನು. "ಕೇಳೋದನ್ನ ನೆಟ್ಟಗೆ ಕೇಳಬೇಕು. ಯಾವುದಕ್ಕೆ ಏನು ಹೆಸರೋ ಅದನ್ನೇ ಹೇಳಬೇಕು."

"ನಂಗೇನು ಗೊತ್ತು, ನೀನೇ ಹೇಳು. ನೀನು ಇದನ್ನೆಲ್ಲಾ ತಿಳ್ಕೊಂಡಿದ್ದೀಯ."

ಹತ್ತಿರದ ಹೆಂಗಸರೆಲ್ಲ ಕೆಲಸ ನಿಲ್ಲಿಸಿ ನನ್ನ ಕಡೆ ತಿರುಗಿದ್ದರು. ನಾನು ಗಂಟಲು ಸರಿಮಾಡಿಕೊಂಡೆ. "ಮಾತೆಯೇ, ಬರುವ ಗುರುವಾರ ನಮ್ಮವರು ಎರಡನೇ ಕೈ ಗೆದ್ದರೆ, ಮೇ ತಿಂಗಳಲ್ಲಿ ನನ್ನ ಮನೆಯ ಹೊಸ್ತಿಲಿನಿಂದ ನಿನ್ನ ಸನ್ನಿಧಿಯವರೆಗೂ ಒಂದು ಮಾತನ್ನೂ ಆಡದೆ ನಡೆದು ಬರುತ್ತೇನೆ," ಎಂದೆ.

"ಒಂದು ಮಾತೂ ಆಡದೆ?" ಜುಲ್ಮೀರಾ ಬಾಯಿ ಬಿಟ್ಟಳು. "ನೀರು ಬೇಕು ಅಂತಾನೂ ಹೇಳಲ್ವಾ?"

"ನೀರು ಬೇಕು ಅಂತಾನೂ ಹೇಳಲ್ಲ."

ಗಂಡ ಪಕ್ಕದಲ್ಲಿ ನಡೆಯುತ್ತಿದ್ದರೆ ಮಾತೇಕೆ ಬೇಕು, ನೀವೇ ಹೇಳಿ. ಇಬ್ಬರೂ ಮೌನವಾಗಿ, ನೀಲಗಿರಿ ಮರಗಳ ನೆರಳಿನಲ್ಲಿ, ಒಂದೇ ಹೆಜ್ಜೆಯಲ್ಲಿ... ನಾನು ಅದನ್ನೆಲ್ಲ ಕಣ್ಣಾರೆ ಕಂಡುಬಿಟ್ಟಿದ್ದೆ. ಪಕ್ಕದ ಕೋಣೆಯಲ್ಲಿ ಪಾದ್ರಿ ಅನ್ಸೆಲ್ಮು ಉಡುಪು ಮಡಿಚುತ್ತಿದ್ದುದನ್ನು ಮಾತ್ರ ಕಂಡಿರಲಿಲ್ಲ.

ಗುರುವಾರ ಜುಲ್ಮೀರಾ ಜೋಳದ ರೊಟ್ಟಿ ಕಟ್ಟಿಕೊಂಡು ನಮ್ಮ ಮನೆಗೇ ಬಂದಳು. ಅದೆಲೀನು ಟಿ.ವಿ. ಮುಂದೆ, ನಾವಿಬ್ಬರು ಅವನ ಹಿಂದೆ ಜಪಮಾಲೆ ಹಿಡಿದು. ಮೊದಲರ್ಧದಲ್ಲೇ ನಮ್ಮವರು ಒಂದು ಗೋಲು ಹೊಡೆದರು. (ದೀಪದ ಬಟ್ಟೆಯ ಕವಚ ಕೆಳಗೆ ಬಿತ್ತು.) ಆಮೇಲೆ ಗೋಲೇ ಇಲ್ಲ. ತೊಂಬತ್ತು ನಿಮಿಷ ಮುಗಿದು ಸೀಟಿ ಊದಿದ್ದೇ ತಡ, ನಾನು ಎದ್ದು ಮಾತೆಯ ಚಿತ್ರದ ಮುಂದೆ ದೊಡ್ಡ ಮೇಣದಬತ್ತಿ ಹಚ್ಚಿ ಮೊಣಕಾಲೂರಿದೆ. ಜುಲ್ಮೀರಾ ನನ್ನನ್ನು ತಬ್ಬಿಕೊಂಡು ಅತ್ತಳು.

"ಏನು ನಡೀತಿದೆ ಅಲ್ಲಿ?" ಎಂದ ಅದೆಲೀನು, ತಿರುಗದೆಯೇ.

"ದಾಟಿದ್ವಲ್ಲ ಮಾರಾಯಾ! ಎರಡು–ಎರಡು ಸಮ. ಪರವೂರಲ್ಲಿ ನಾವು ಒಂದು ಹೊಡೆದಿದೀವಿ, ಅವರು ಇಲ್ಲಿ ಒಂದೂ ಹೊಡೆದಿಲ್ಲ!"

ಈಗ ಅವನು ತಿರುಗಿದ. "ಅದನ್ನ ತೆಗೆದುಹಾಕಿ ಎಷ್ಟು ವರ್ಷ ಆಯ್ತು! ಈಗ ಎಲ್ಲಾ ಗೋಲಿಗೂ ಒಂದೇ ತೂಕ. ಸಮ ಆದ್ರೆ ಇನ್ನರ್ಧ ಗಂಟೆ ಆಟ, ಆಗಲೂ ಸಮ ಆದ್ರೆ ಪೆನಾಲ್ಟಿ. ಕೂತ್ಕೊ."

"ತೆಗೆದುಹಾಕಿದ್ರಾ? ಯಾರನ್ನ ಕೇಳಿ? ನಂಗ್ಯಾಕೆ ಹೇಳಲಿಲ್ಲ?"

"ನೀನು ಕೇಳಲಿಲ್ಲ."

ನಾನು ಕೇಳಲಿಲ್ಲವಂತೆ! ಮದುವೆಯಾದಂದಿನಿಂದ ಈ ಮನೆಯಲ್ಲಿ ನಾನು ಕೇಳುವುದನ್ನು ಬಿಟ್ಟು ಬೇರೇನು ಮಾಡಿದ್ದೇನೆ?

ಅರ್ಧ ಗಂಟೆಯೂ ಗೋಲಿಲ್ಲದೆ ಕಳೆಯಿತು. ಪೆನಾಲ್ಟಿ ಬಂತು. ಕೊನೆಗೆ ನಮ್ಮ ತಂಡದ, ಎಡಗಾಲಿನಲ್ಲಿ ಒದೆಯುವ ಹುಡುಗ ಚೆಂಡನ್ನು ಗೋಲಿನ ಮೇಲಿನಿಂದ ಪರಲೋಕದ ಕಡೆಗೆ ಕಳಿಸಿಬಿಟ್ಟ. ಅದೆಲೀನು ಟಿ.ವಿ. ಆರಿಸಿದ. ನನ್ನ ಮೇಣದಬತ್ತಿ ಮಾತ್ರ ಉರಿಯುತ್ತಿತ್ತು. ಮಾತೆಗೆ ಹಚ್ಚಿದ್ದನ್ನು ಆರಿಸಿದರೆ ಅಪಚಾರ, ಉರಿಯಲು ಬಿಟ್ಟರೆ ಅಪಹಾಸ್ಯ. ಜುಲ್ಮೀರಾ ಮೆಲ್ಲಗೆ ಅದನ್ನು ಎತ್ತಿ ಅಡುಗೆಮನೆಗೆ ಒಯ್ದಳು.

ಮೂರು ದಿನ ನಮ್ಮ ಮನೆ ಸೂತಕದ ಮನೆಯಂತಿತ್ತು. "ಸೋತೆವು, ಸೋತೆವು," ಎಂದು ಅದೆಲೀನು ಸಾರಿನ ಬಟ್ಟಲಿಗೆ ಹೇಳುತ್ತಿದ್ದ. ಅವನು ಫಾತಿಮಾಕ್ಕೆ ಬರುವುದಿಲ್ಲವೆಂದು ನನಗೂ ಸಂಕಟವೇ. ಅರ್ಧ ಹೆಣೆದ ಕಾಲುಚೀಲವನ್ನು ಪೆಟ್ಟಿಗೆಯ ಅಡಿಗೆ ತಳ್ಳಿದೆ. ಸೋತದ್ದರಿಂದ ನನ್ನ ಹರಕೆಯೂ ಬಿದ್ದುಹೋಯಿತಲ್ಲ, ಎಂದಿನಂತೆ ಕೊಮಾದ್ರೆಯ ಜೊತೆ ಹರಟುತ್ತ ಹೋಗಬಹುದು ಎಂಬುದೊಂದೇ ಸಮಾಧಾನ.

ಆ ಸಮಾಧಾನ ಭಾನುವಾರದ ಪೂಜೆಯವರೆಗೆ ಬಾಳಿತು. ಪೂಜೆ ಮುಗಿದ ಮೇಲೆ ಜುಲ್ಮೀರಾ ನನ್ನ ತೋಳು ಹಿಡಿದಳು.

"ಕೊಮಾದ್ರೆ, ರಾತ್ರಿಯೆಲ್ಲಾ ನಿದ್ದೆ ಇಲ್ಲ ನಂಗೆ. ನೀನು 'ದಾಟಿದರೆ' ಅನ್ನಲಿಲ್ಲ. 'ಎರಡನೇ ಕೈ ಗೆದ್ದರೆ' ಅಂದೆ."

"ಅದಕ್ಕೇನೀಗ?"

"ಒಂದು–ಸೊನ್ನೆ ಅಂದ್ರೆ ಗೆದ್ದ ಹಾಗೆ ಅಲ್ವಾ?"

ನೇರ ಪಾದ್ರಿಗಳ ಬಳಿ ಹೋದೆ. ಹಿಂದೆಯೇ ಅದೆಲೀನುವೂ ಬಂದ. (ಇಗರ್ಜಿಯ ಒಳಕೋಣೆಗೆ ಅವನು ಕಾಲಿಟ್ಟದ್ದು ನಮ್ಮ ಮದುವೆಯ ಸಹಿ ಹಾಕಿದ ಮೇಲೆ ಅದೇ ಮೊದಲು.)

"ಅದೆಲೀನು, ಈ ವಿಷಯದಲ್ಲಿ ನೀನು ತಿಳಿದವನು," ಎಂದರು ಪಾದ್ರಿ ಅನ್ಸೆಲ್ಮು. "ಗುರುವಾರದ ಆಟವನ್ನು ನಾವು ಗೆದ್ದೆವೋ, ಸೋತೆವೋ?"

"ಸೋತ್ವಿ ಸ್ವಾಮಿ!" ಎಂದೆ ನಾನು. "ಮೂರು ದಿನದಿಂದ ಇವನೇ ಊಟ ಬಿಟ್ಟು ಬಡ್ಕೋತಿದಾನೆ, ಸೋತ್ವಿ ಅಂತ!"

ಅದೆಲೀನು ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ, ನ್ಯಾಯಾಲಯದಲ್ಲಿ ನಿಂತವನ ಗಾಂಭೀರ್ಯದಿಂದ ಹೇಳಿದ: "ಸೋತಿದ್ದು ಎರಡೂ ಕೈ ಸೇರಿ, ಸ್ವಾಮಿ. ಇವಳು ಕೇಳಿದ್ದು ಒಂದು ಕೈ. ಆ ಕೈಯಲ್ಲಿ ನಾವು ಒಂದು–ಸೊನ್ನೆ ಗೆದ್ದಿದೀವಿ."

"ಪೆನಾಲ್ಟಿ?"

"ಪೆನಾಲ್ಟಿ ಆಟಕ್ಕೆ ಸೇರಲ್ಲ ಸ್ವಾಮಿ. ಯಾರು ದಾಟಬೇಕು ಅಂತ ತೀರ್ಮಾನ ಮಾಡೋ ಪಂಚಾಯ್ತಿ ಅದು, ಅಷ್ಟೇ. ಅದರ ಗೋಲು ಲೆಕ್ಕಕ್ಕಿಲ್ಲ."

"ಮನುಷ್ಯಾ, ನೀನು ನನ್ನ ಗಂಡನೋ, ಎದುರು ಪಕ್ಷದ ವಕೀಲನೋ?"

"ಸುಳ್ಳು ಹೇಳೋಕಾಗತ್ತಾ, ದೆವುಲಿಂದಾ, ಪಾದ್ರಿಗಳ ಮುಂದೆ?"

ಪಾದ್ರಿ ಅನ್ಸೆಲ್ಮು ನಿಟ್ಟುಸಿರು ಬಿಟ್ಟರು. "ನಾನೂ ಆವತ್ತು ಕೇಳಿಸಿಕೊಂಡೆ, ಮಗಳೇ. ಮಾತೆ ನೀನು ಕೇಳಿದ್ದನ್ನು ಕೊಟ್ಟಿದ್ದಾಳೆ. ಇನ್ನೊಂದು ಸ್ವಲ್ಪ ಕೇಳಿದ್ದರೆ ನಮಗೆಲ್ಲ ಒಳ್ಳೆಯದಾಗುತ್ತಿತ್ತು." ಅವರ ದನಿಯಲ್ಲಿದ್ದ ನೋವು ಪಾದ್ರಿಯ ನೋವಲ್ಲ, ಗುರುವಾರ ಸಂಜೆಯ ನೋವು. ಹೂವಿನ ಹೆಂಗಸರು ವಾರಗಟ್ಟಲೆ ನನ್ನನ್ನು ಓರೆಗಣ್ಣಿನಿಂದ ನೋಡಿದರು. ಯಾವುದಕ್ಕೆ ಏನು ಹೆಸರೆಂದು ತಿಳಿಯದ ಜುಲ್ಮೀರಾ ಒಬ್ಬಳೇ ಪ್ರಾರ್ಥಿಸಿದ್ದರೆ ನಾವು ದಾಟುತ್ತಿದ್ದೆವು ಎಂಬುದು ಅವರ ತೀರ್ಮಾನವಾಗಿತ್ತು.

ಮೇ ತಿಂಗಳು ಬಂತು. ಹೊರಡುವ ಹಿಂದಿನ ಸಂಜೆ ನಾನು ಚೀಲ ತುಂಬುತ್ತಿದ್ದೆ. ಅದೆಲೀನು ಬಾಗಿಲಲ್ಲಿ ನಿಂತು ನೋಡಿದ.

"ನಾಳೆ ಹೊಸ್ತಿಲು ದಾಟಿದ ಮೇಲೆ ನೀನು ಒಂದು ಮಾತೂ ಆಡೋ ಹಾಗಿಲ್ಲ, ಅಲ್ವಾ?"

"ಇಲ್ಲ."

"ಮಧ್ಯೆ ಬಾಯಿ ಹಾಕೋ ಹಾಗಿಲ್ಲ."

"ಇಲ್ಲ ಅಂದ್ನಲ್ಲ."

"'ಸಾಕು ನಿಲ್ಲಿಸು' ಅನ್ನೋ ಹಾಗೂ ಇಲ್ಲ?"

"ಇಲ್ಲ ಮಾರಾಯಾ! ಗಾಯಕ್ಕೆ ಯಾಕೆ ಉಪ್ಪು ಸವರ್ತೀಯ?"

ಅವನು ಪೆಟ್ಟಿಗೆ ತೆಗೆದು ತನ್ನ ಹಳೆಯ ಬೂಟು ಹುಡುಕತೊಡಗಿದ.

"ಮೊಣಕಾಲು?" ಎಂದೆ. ನನ್ನ ಕಣ್ಣಿನಲ್ಲಿ ಆಗಲೇ ನೀರು ತುಂಬಿತ್ತು.

"ಎಷ್ಟೋ ವಾಸಿ," ಎಂದ.

ಅವನು ಬಂದ. ವರ್ಷವರ್ಷವೂ ನಾನು ಬೇಡಿಕೊಂಡ ಹಾಗೆಯೇ ನನ್ನ ಪಕ್ಕದಲ್ಲಿ, ಒಂದೇ ಹೆಜ್ಜೆಯಲ್ಲಿ, ನೀಲಗಿರಿ ಮರಗಳ ನೆರಳಿನಲ್ಲಿ ನಡೆದ. ನೀರಿನ ಬಾಟಲಿಯನ್ನೂ ತಾನೇ ಹೊತ್ತ. ಮತ್ತು ಹೊಸ್ತಿಲಿನಿಂದ ಆಚೆಗೆ ಮೊದಲ ಹೆಜ್ಜೆ ಇಟ್ಟ ಕ್ಷಣದಿಂದ ಮಾತಾಡಿದ. ಪೋರ್ತುವಿನ ಸೇತುವೆ ದಾಟುವ ಹೊತ್ತಿಗೆ ಈ ವರ್ಷದ ಎಂಟು ಆಟಗಳನ್ನು ಮುಗಿಸಿದ್ದ. ಕೊಯಿಂಬ್ರಾದ ಹತ್ತಿರ, ಹಿಂದಿನ ಕಾಲದ ನಾಲ್ಕು ನಾಲ್ಕರ ಗುಂಪುಗಳನ್ನು ತೆಗೆದುಹಾಕಿದ್ದು ಸರಿಯೋ ತಪ್ಪೋ ಎಂದು ಎರಡೂ ಪಕ್ಷದ ಪರವಾಗಿ ವಾದಿಸಿ ಗೆದ್ದ. ನಾನು ಉಗುಳು ನುಂಗಿದರೆ ಅದನ್ನು ಒಪ್ಪಿಗೆಯೆಂದುಕೊಂಡ. ತಲೆಯಾಡಿಸಿದರೆ ಇನ್ನಷ್ಟು ವಿವರಿಸಿದ.

"ಪುಣ್ಯ ಮಾಡಿದ್ದೀಯ ಕಣಮ್ಮ," ಎಂದಳು ದಾರಿಯಲ್ಲಿ ಸಿಕ್ಕ ಒಬ್ಬ ಮುದುಕಿ. "ನನ್ನ ಯಜಮಾನರು ಬದುಕಿರೋ ತನಕ ನಂಗೆ ನಾಲ್ಕು ಮಾತು ಹೇಳಿದವರಲ್ಲ."

ನಾನು ಅವಳ ಕೈ ಹಿಡಿದು, ಕಣ್ಣಿನಲ್ಲೇ ಬೇಡಿಕೊಂಡೆ. ಅವಳಿಗೆ ಅರ್ಥವಾಗಲಿಲ್ಲ. ಜುಲ್ಮೀರಾಗೆ ಅರ್ಥವಾಗಿತ್ತು, ಎರಡನೆಯ ದಿನದಿಂದಲೇ ಅವಳು ಬಹಳ ಹಿಂದೆ, ಬೇರೆ ಊರಿನವರ ಜೊತೆ ನಡೆಯುತ್ತಿದ್ದಳು.

ಕೊನೆಯ ದಿನ ಅದೆಲೀನು, ಪಟ್ಟಿಯಲ್ಲಿ ಎರಡು ತಂಡಗಳ ಅಂಕ ಸಮವಾದರೆ ಯಾರು ಮೇಲೆ ಎಂಬ ಕಠಿಣ ಅಧ್ಯಾಯಕ್ಕೆ ಬಂದ. "ಮೊದಲು ನೋಡೋದು ಹೊಡೆದ ಗೋಲಿಂದ ತಿಂದ ಗೋಲು ಕಳೆದು. ಅದೂ ಸಮ ಆದ್ರೆ, ಒಟ್ಟು ಹೊಡೆದ ಗೋಲು. ಅದೂ ಸಮ ಆದ್ರೆ, ಪರವೂರಲ್ಲಿ ಹೊಡೆದ ಗೋಲು."

ನಾನು ನಡುರಸ್ತೆಯಲ್ಲಿ ನಿಂತುಬಿಟ್ಟೆ.

"ಏನು, ಬೂಟಲ್ಲಿ ಕಲ್ಲಾ?" ಎಂದ. "ಹೂಂ, ಪಟ್ಟೀಲಿ ಅದು ಇನ್ನೂ ಇದೆ. ತೆಗೆದಿದ್ದು ಎರಡು ಕೈ ಆಟದಲ್ಲಿ ಮಾತ್ರ. ಹೇಳಿರಲಿಲ್ವಾ?" ಮುಂದೆ ನಡೆದ. "ಅದೂ ಸಮ ಆದ್ರೆ, ಎಷ್ಟು ಆಟ ಗೆದ್ದಿದಾರೆ ಅಂತ. ಅದೂ ಸಮ ಆದ್ರೆ, ಅದರಲ್ಲಿ ಪರವೂರಲ್ಲಿ ಗೆದ್ದಿದ್ದೆಷ್ಟು. ಅದೂ ಸಮ ಆದ್ರೆ, ನಮ್ಮ ಎದುರಾಳಿಗಳೆಲ್ಲಾ ಸೇರಿ ಎಷ್ಟು ಅಂಕ ತಗೊಂಡಿದಾರೆ ಅಂತ. ಅದೂ ಸಮ ಆದ್ರೆ..."

ಎದುರಿಗೆ ಸನ್ನಿಧಿಯ ಗೋಪುರ ಕಂಡಿತು. ಅದೆಲೀನು ತಟ್ಟನೆ ಮಾತು ನಿಲ್ಲಿಸಿದ. ಟೋಪಿ ತೆಗೆದ. ಬಯಲಿನ ತುಂಬ ಜನ, ಹಾಡು, ಮೇಣದ ವಾಸನೆ. ನಾವು ಮೆಲ್ಲಗೆ ಮುಂದೆ ಸರಿಯುತ್ತ ಮಾತೆಯ ಪ್ರತಿಮೆಯ ಎದುರಿಗೆ ಬಂದೆವು. ನನ್ನ ಹರಕೆ ಅಲ್ಲಿಗೆ ತೀರಿತು. ಇನ್ನು ಬಾಯಿ ತೆರೆಯಬಹುದು. ಆ ಮೊದಲ ಮಾತಿಗಾಗಿ ನಾನು ಚಳಿಗಾಲದಿಂದಲೇ ಒಂದು ಪ್ರಾರ್ಥನೆ ಕಟ್ಟಿಟ್ಟುಕೊಂಡಿದ್ದೆ. ಅದರಲ್ಲಿ ನಮ್ಮ ಮನೆ, ಮಗಳು, ಗಂಡ, ಎಲ್ಲ ಇದ್ದರು. ಕೈಜೋಡಿಸಿ, ಕಣ್ಣುಮುಚ್ಚಿ, ಬಾಯಿ ತೆರೆದೆ.

"ಅದೂ ಸಮ ಆದ್ರೆ?" ಎಂದಿತು ನನ್ನ ಬಾಯಿ, ಇಡೀ ಸಾಲಿಗೆ ಕೇಳುವಷ್ಟು ಜೋರಾಗಿ.

ಮುಂದಿನ ಸಾಲಿನ ಸನ್ಯಾಸಿನಿಯೊಬ್ಬರು ತಿರುಗಿ ನೋಡಿದರು. ಅದೆಲೀನು ನನ್ನ ಮೊಣಕೈ ಹಿಡಿದು, ತುಟಿಗೆ ಬೆರಳಿಟ್ಟು ಪಿಸುಗುಟ್ಟಿದ:

"ಶ್! ಎಲ್ಲಿದ್ದೀವಿ ಅಂತಾದ್ರೂ ನೋಡು, ದೆವುಲಿಂದಾ. ಇಲ್ಲೂ ಫುಟ್‌ಬಾಲೇನಾ? ಮೊದಲು ಪ್ರಾರ್ಥನೆ ಮಾಡು."